ರತ್ನಿ ಯಾವ ಶಾಟ್‌ನಲ್ಲೂ ಇರಲಿಲ್ಲ

ಡಾಕ್ಯುಮೆಂಟರಿ ಮಾಡುವ ಮುಕುಂದನಿಗೆ ಆ ಸಿನಿಮಾ ದೊಡ್ಡ ಹೆಸರು ತಂದುಕೊಟ್ಟಿತ್ತು...

ಚಾಮರಾಜನಗರದ ಕಡೆ, ರಸ್ತೆಯೇ ಇಲ್ಲದ ಬೆಟ್ಟದ ಮೇಲೆ ಇಪ್ಪತ್ತೆರಡು ಮನೆಗಳ ಒಂದು ಸೋಲಿಗರ ಪೋಡು. ಅಲ್ಲಿ ತಿಂಗಳಿಡೀ ಇದ್ದು, ಜನ ಜೇನು ಇಳಿಸುವುದು, ರಾಗಿ ಬೆಳೆಯುವುದು, ಕಾಯಿಲೆಯವರನ್ನು ಜೋಲಿಯಲ್ಲಿ ಹೊತ್ತು ಬೆಟ್ಟ ಇಳಿಯುವುದು... ಎಲ್ಲವನ್ನೂ ಶೂಟ್ ಮಾಡಿದ್ದ.

ಎರಡು ವರ್ಷದ ಮೇಲೆ, ಅವರ ಸಿನಿಮಾವನ್ನು ಅವರಿಗೇ ತೋರಿಸೋಣ ಎಂದು ಪ್ರೊಜೆಕ್ಟರ್, ಬ್ಯಾಟರಿ ಹೊರಿಸಿಕೊಂಡು ಮತ್ತೆ ಬೆಟ್ಟ ಹತ್ತಿದ.

ಅಂಗನವಾಡಿಯ ಕಿಟಕಿಗಳಿಗೆ ಕಂಬಳಿ ಕಟ್ಟಿ, ಮಧ್ಯಾಹ್ನವೇ ಶೋ. ಜನ ತಮ್ಮನ್ನು ತಾವೇ ನೋಡಿ ಬೆರಳು ತೋರಿಸಿ ಕೂಗಾಡಿದರು.

ಮುಗಿದ ಮೇಲೆ ಎಲ್ಲರೂ ಎದ್ದು ಹೋದರು. ಕೇತಮ್ಮ ಎಂಬ ಹೆಂಗಸು ಮಾತ್ರ ಖಾಲಿ ಪರದೆ ನೋಡುತ್ತಾ ಕೂತೇ ಇದ್ದಳು.

"ಇನ್ನೂ ಅದಾ ಸಾಮಿ?"

"ಇಲ್ಲವ್ವಾ, ಮುಗೀತು."

"ನನ್ ಮಗ್ಳು ರತ್ನಿ ಬರ್ನೇ ಇಲ್ವಲ್ಲ..."

"ಎಲ್ಲಿದ್ದಾಳೆ ಅವಳು?"

"ಓದ್ ಮಳೇಲಿ ಜ್ವರ ಬಂತು. ಜೋಲೀಲಿ ಒತ್ಕಂಡ್ ಇಳೀತಿದ್ರು... ಅರ್ಧ ದಾರೀಲೇ ಓಗ್ಬುಟ್ಲು."

ವೈರು ಸುತ್ತುತ್ತಿದ್ದ ಮುಕುಂದ ಅದನ್ನು ಬಿಟ್ಟು ಅವಳೆದುರು ಬಂದು ಕೂತ.

"ಅವ್ಳ್ದು ಒಂದ್ ಪೋಟೋನೂ ಇಲ್ಲ ಸಾಮಿ. ಆದಾರ್ ಕಾರ್ಡೂ ಮಾಡ್ಸಿರ್ನಿಲ್ಲ. ದಿನಾ ನಿಮ್ ಕ್ಯಾಮ್ರ ಮುಂದೇನೇ ಇದ್ಲಲ್ಲ... ಇದ್ರಲ್ಲಾದ್ರೂ ಮೊಕ ಕಾಣ್ತದೆ ಅಂತ ಬಂದೆ."

ಆಗ ಅವನಿಗೆ ನೆನಪಾಯಿತು...

ಹದಿನೈದರ ಹುಡುಗಿ. ಕ್ಯಾಮೆರಾ ತಿರುಗಿದ ಕಡೆಯೆಲ್ಲ ಬಂದು ನಿಂತು, ನೇರ ಲೆನ್ಸ್ ನೋಡಿ ನಗುತ್ತಿದ್ದವಳು. ಅವಳಿಂದ ಕೆಟ್ಟ ಶಾಟ್‌ಗಳನ್ನೆಲ್ಲ ಅಂದಂದೇ ಅವನು ಡಿಲೀಟ್ ಮಾಡಿದ್ದ.

"ಹುಡುಕ್ತೀನವ್ವಾ" ಎಂದಷ್ಟೇ ಹೇಳಿ ಮೈಸೂರಿಗೆ ಮರಳಿದ.

ಎಂಟು ದಿನ ಹಾರ್ಡ್‌ಡಿಸ್ಕ್‌ಗಳನ್ನೆಲ್ಲ ಜಾಲಾಡಿದ. ರತ್ನಿಯ ಮುಖ ಎಲ್ಲೂ ಇರಲಿಲ್ಲ.

ಕೊನೆಗೆ ಸಿಕ್ಕಿದ್ದು ಮಂಜು ಮುಸುಕಿದ ಬೆಟ್ಟದ ಒಂದು ಶಾಟ್. ಕ್ಯಾಮೆರಾದ ಹಿಂದೆ ಯಾರೋ ನಗುವ ಸದ್ದು... ನಾಲ್ಕೇ ಸೆಕೆಂಡು. ಆಮೇಲೆ ಅವನದೇ ದನಿ: "ಥೂ, ಆ ಹುಡುಗೀನ ಆಚೆ ಕಳಿಸ್ರೋ!"

ನಗು ಅಲ್ಲಿಗೆ ನಿಂತಿತ್ತು.

ತನ್ನ ಮಾತನ್ನು ಕತ್ತರಿಸಿಬಿಡಬಹುದಿತ್ತು. ಅವನ ಪಾಲಿಗೆ ಅದು ಒಂದು ನಿಮಿಷದ ಕೆಲಸ. ಕೈ ಬರಲಿಲ್ಲ... ಹಾಗೆಯೇ ಮೊಬೈಲಿಗೆ ಹಾಕಿಕೊಂಡು ಮೂರನೆಯ ಸಲ ಬೆಟ್ಟ ಹತ್ತಿದ.

ಕೇತಮ್ಮ ರಾಗಿ ಕೇರುತ್ತಿದ್ದಳು. ಮೊರ ಕೆಳಗಿಟ್ಟು, ಮೊಬೈಲನ್ನು ಎರಡೂ ಕೈಯಲ್ಲಿ ಹಿಡಿದು ಕಿವಿಗೆ ಒತ್ತಿಕೊಂಡಳು.

"ಅವ್ಳೇ... ನನ್ ಕೂಸೇ..."

ಮರುಕ್ಷಣ ಬೆಚ್ಚಿದಳು. "ಯಾರ್ ಸಾಮಿ ಬಯ್ದೋರು?"

"ನಾನೇ ಅವ್ವಾ... ಅವಳ ಮುಖ ಇದ್ದ ಶಾಟ್‌ಗಳನ್ನೂ ನಾನೇ ಅಳಿಸಿಬಿಟ್ಟೆ." ಮುಕುಂದ ತಲೆ ತಗ್ಗಿಸಿದ.

ಕೇತಮ್ಮ ಬಯ್ಯಲಿಲ್ಲ, ಸಮಾಧಾನವನ್ನೂ ಹೇಳಲಿಲ್ಲ.

ಮೊಬೈಲನ್ನು ಅವನ ಕಡೆ ಚಾಚಿದಳು.

"ಇನ್ನೊಂದ್ ದಪ ಆಕಿ ಸಾಮಿ... ನೀವ್ ಬಯ್ಯೋಗಂಟ ಸಾಕು."

ಅಡ್ಡಿ ಎಂದು ನಾವು ಆಚೆ ಕಳಿಸುವವರು, ಇನ್ಯಾರದೋ ಪಾಲಿಗೆ ಇಡೀ ಬದುಕು.

ಕೆಲಸದ ಗಡಿಬಿಡಿಯಲ್ಲಿ ಇವತ್ತು ನೀವು ಯಾರ ನಗುವನ್ನು ನಿಲ್ಲಿಸಿದಿರಿ...?