ಅರವತ್ತು ದಿನದ ಸಿನಿಮಾ

ಭೈರಮ್ಮನ ಅಂಗೈಯಿಂದ ರಕ್ತ ಜಿನುಗಿತು. ದಯಾನಂದ್ ಕ್ಯಾಮೆರಾ ನಿಲ್ಲಿಸಲಿಲ್ಲ.

ನಿಯಮ ಅವನದೇ. ತಿಪಟೂರು ಬದಲಾಗುತ್ತಿದೆ, ಹಳೇ ಮಂಡಿಗಳು ಒಂದೊಂದಾಗಿ ಶೋರೂಮುಗಳಾಗುತ್ತಿವೆ. ಉಳಿದಿರುವ ದಿನನಿತ್ಯದ ಬದುಕನ್ನು ಅರವತ್ತು ದಿನ, ಒಂದೇ ಜಾಗದಿಂದ ಚಿತ್ರಿಸಬೇಕು. ಮಾತಾಡಿಸಬಾರದು, ಕೈ ಹಾಕಬಾರದು. ಕಥೆಯಿಲ್ಲ, ಸಂಗೀತವಿಲ್ಲ.

ಹಾಲಸ್ವಾಮಿಯ ಕೊಬ್ಬರಿ ಮಂಡಿಯ ಅಂಗಳ ಅವನಿಗೆ ಹೇಳಿ ಮಾಡಿಸಿದಂತಿತ್ತು. ಅಷ್ಟು ದೊಡ್ಡ ಅಂಗಳದಲ್ಲಿ ಭೈರಮ್ಮ ಒಬ್ಬಳೇ ಕೂತು, ಒಣಗಿದ ಕಾಯಿಗೆ ಮಚ್ಚಿನಿಂದ ತಟ್ಟಿ, ಒಳಗಿನ ಉಂಡೆ ಕೊಬ್ಬರಿ ಮುಕ್ಕಾಗದಂತೆ ಕರಟ ಬಿಡಿಸುತ್ತಿದ್ದಳು. ಹಾಲಸ್ವಾಮಿ ದಿನವೂ ಇಸ್ತ್ರಿ ಮಾಡಿದ ಶರ್ಟು ಹಾಕಿಕೊಂಡು ಹಿಂದೆ ನಿಲ್ಲುತ್ತಿದ್ದ.

“ನೀವಿರೋಗಂಟ ಇವಳೂ ಇಲ್ಲೇ ಇರ್ತಾಳೆ ಬುಡಿ ಸಾರ್,” ಎಂದಿದ್ದ. ಜೀತದಾಳಿನ ಬಗ್ಗೆ ಮಾತಾಡಿದ ಹಾಗೆ ದಯಾನಂದ್‌ಗೆ ಕೇಳಿಸಿತ್ತು.

ಅರವತ್ತೈದು ದಾಟಿದ ಹೆಂಗಸು. ಕರಟದ ಅಂಚು ತಗುಲಿ ಅಂಗೈ ದಿನಾ ಹರಿಯುತ್ತಿತ್ತು. ಅವಳು ಅರಿಶಿನ ಒತ್ತಿ, ಬಟ್ಟೆ ಸುತ್ತಿ, ಮತ್ತೆ ಮಚ್ಚು ಹಿಡಿಯುತ್ತಿದ್ದಳು. ಸಂಜೆ ಅವನು ಹೊರಡುವಾಗ ಒಂದೇ ಪ್ರಶ್ನೆ:

“ನಾಳೀಕೂ ಬತ್ತೀಯೇನಪ್ಪ?”

ಇನ್ನೆಷ್ಟು ದಿನ ನನ್ನ ನೋವನ್ನು ನೋಡುತ್ತಾ ಕೂರುತ್ತೀಯ ಎಂದು ಚುಚ್ಚಿದಂತಾಗಿ ಅವನಿಗೆ ಊಟ ಸೇರುತ್ತಿರಲಿಲ್ಲ.

ಮೂವತ್ತೆಂಟನೇ ದಿನ ತಡೆಯಲಾಗಲಿಲ್ಲ. ಪಾಪ ಕಟ್ಟಿಕೊಂಡಿದ್ದು ಸಾಕು ಎಂದುಕೊಂಡು, ಹಾಲಸ್ವಾಮಿಗೆ ಕೈಮುಗಿದು ಟ್ರೈಪಾಡ್ ಮಡಚಿದ. ಭೈರಮ್ಮ ತಲೆ ಎತ್ತಲಿಲ್ಲ.

ಕೆಲವು ತಿಂಗಳ ನಂತರ ತುಮಕೂರಿನಲ್ಲಿ ಸಿನಿಮಾ ತೋರಿಸಿದಾಗ ಜನ ಎದ್ದು ಚಪ್ಪಾಳೆ ತಟ್ಟಿದರು. “ಆಯಮ್ಮನ ಕೈಗೆ ಯಾರೂ ಔಷಧಿ ಹಚ್ಚಲಿಲ್ವಾ?” ಎಂದು ಸಭೆಯಲ್ಲಿ ಒಬ್ಬಳು ಕೇಳಿದಳು. ಅವಳು ಕೇಳಿದ್ದು ಎಲ್ಲರನ್ನೂ. ಆದರೆ ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ. ಮಾರನೇ ಬೆಳಿಗ್ಗೆಯೇ ದಯಾನಂದ್ ಭೈರಮ್ಮನ ಊರು ಅರಳಗುಪ್ಪೆಗೆ ಬಸ್ಸು ಹತ್ತಿದ.

ಭೈರಮ್ಮ ಜಗಲಿಯ ಮೇಲೆ ಸುಮ್ಮನೆ ಕೂತಿದ್ದಳು. ಅಂಗೈಯ ಗಾಯ ಪೂರ್ತಿ ವಾಸಿಯಾಗಿತ್ತು. ಅದನ್ನು ನೋಡಿ ಅವನ ಜೀವಕ್ಕೆ ಎಷ್ಟೋ ಸಮಾಧಾನವಾಯಿತು.

“ರಕ್ತ ಸುರೀತಿದ್ರೂ ನೋಡ್ತಾ ಕೂತಿದ್ದೆ. ತಪ್ಪಾಯ್ತಮ್ಮ. ನಿಮ್ಮ ಕಷ್ಟ ನೋಡಕ್ಕಾಗ್ದೇನೇ ಇಪ್ಪತ್ತೆರಡು ದಿನ ಮುಂಚೆ ನಿಲ್ಲಿಸಿಬಿಟ್ಟೆ,” ಎಂದ.

ಭೈರಮ್ಮ ಪಕ್ಕಕ್ಕೆ ಸರಿದು ಅವನಿಗೆ ಜಗಲಿಯಲ್ಲಿ ಜಾಗ ಮಾಡಿಕೊಟ್ಟಳು.

“ಕರಟ ಬುಡಿಸೋ ಮಿಷನ್ ಬಂದ ಮ್ಯಾಲೆ ನಮ್ಮನ್ನೆಲ್ಲ ಕೆಲಸದಿಂದ ಬುಡಿಸಿ ಒಂದ್ ವರ್ಸ ಆಗಿತ್ತು ಕಣಪ್ಪ, ನಿನ್ ಸಿನಿಮಾ ಮುಗಿಯೋ ತನಕ ಅಂತ ನನ್ನೊಬ್ಬಳನ್ನ ವಾಪಸ್ ಕೂಲಿಗೆ ಕರ್ದಿದ್ರು.”