ಹುಲಿಗೆವ್ವನ ನೌಕರಿ

"ಹುಲಿಗೆವ್ವ ಕೋಣ?" ಎಂದು ಪಣಜಿಯ ಸರಕಾರಿ ಕಚೇರಿಯಲ್ಲಿ ಕ್ಲಾರ್ಕ್ ಮೇಡಮ್ ಕೊಂಕಣಿಯಲ್ಲಿ, ಯಾರು ಹುಲಿಗೆವ್ವ ಎಂದು, ಕೂಗಿದ್ದೇ ತಡ, ದ್ಯಾಮವ್ವ ಎದ್ದು ನಿಂತಳು. ಹುಲಿಗೆವ್ವ ಅವಳ ಅಕ್ಕ. ಸತ್ತು ಹದಿನಾಲ್ಕು ವರ್ಷವಾಗಿತ್ತು.

ರಸ್ತೆ ರಿಪೇರಿಯ ಗ್ಯಾಂಗಿನಲ್ಲಿ ಅಕ್ಕನದು ದಿನಗೂಲಿ ಕೆಲಸ. ಗಟಾರ ಬಳಿಯುವುದು, ಡಾಂಬರಿಗೆ ಖಡಿ ಹೊರುವುದು. ಖಾಯಂ ಮಾಡಿರೆಂದು ಗ್ಯಾಂಗಿನವರೆಲ್ಲ ಸೇರಿ ಕೋರ್ಟಿಗೆ ಹೋದಾಗ ಅವಳ ಹೆಸರೂ ಕೇಸಿನಲ್ಲಿತ್ತು. ಆಮೇಲೆ ಹಾಸಿಗೆ ಹಿಡಿದಳು. "ಹಾಜರಿ ತಪ್ಪಿದ್ರ ಕೇಸು ಕೆಡ್ತೈತಿ. ನೀ ಏಳೂತನಕಾ ನಿನ್ನ ತಂಗೀನ ಕಳಸು," ಎಂದ ಗ್ಯಾಂಗಿನ ಮುಕಾದಮ ಸಂಗಣ್ಣ. ಅಕ್ಕನ ಹೆಸರಿನಲ್ಲಿ ತಂಗಿ ಬುಟ್ಟಿ ಹೊತ್ತಳು. ಅಕ್ಕ ಏಳಲೇ ಇಲ್ಲ. ಅವಳು ಹೋದಳೆಂದು ಗೊತ್ತಾದರೆ ಕೂಲಿಯೂ ಇಲ್ಲ, ಕೇಸೂ ಇಲ್ಲ. ಹಾಗಾಗಿ ಸತ್ತವಳು ದ್ಯಾಮವ್ವ ಎಂದೇ ಬರೆಸಿದರು. ಗ್ಯಾಂಗಿನವರು ತುಟಿ ಹೊಲಿದುಕೊಂಡರು. ಬಡವರ ಮನೆಯಲ್ಲಿ ಅಕ್ಕನ ಸೀರೆ ತಂಗಿಗೆ ಬರುವುದು ಇದ್ದದ್ದೇ, ಇಲ್ಲಿ ಹೆಸರೂ ಬಂತು.

ತಂದೆ ಮೊದಲೇ ಇಲ್ಲದ ಅಕ್ಕನ ಮಗಳು ಅಂಬಿಕಾ ಆಗ ಆರು ವರ್ಷದ ಕೂಸು. ಆ ಕೂಸನ್ನು ಕಟ್ಟಿಕೊಂಡು ದ್ಯಾಮವ್ವ ಕೊರ್ತಾಲಿಮ್‌ನ ಖೋಲಿ ಬಿಟ್ಟು, ಗುರುತಿನವರಿಲ್ಲದ ಸಾಂಕೋಲೆಗೆ ಬಂದಳು. ಆಧಾರ್ ಕಾರ್ಡು ಬಂದಾಗ ಅದರಲ್ಲೂ ಅಕ್ಕನ ಹೆಸರೇ ಹತ್ತಿತು. ಮದುವೆಯ ಮಾತನ್ನು ಯಾರೂ ಎತ್ತಲಿಲ್ಲ. ಸತ್ತವಳಿಗೆ ಗಂಡು ಹುಡುಕುವವರು ಯಾರು?

ಈಗ ಕೇಸು ಗೆದ್ದಾಗಿತ್ತು. ಎಲ್ಲರನ್ನೂ ಖಾಯಂ ಮಾಡಿ ಎಂದು ಕೋರ್ಟು ಹೇಳಿತ್ತು. ಉಳಿದವರದು ಬೆಳಿಗ್ಗೆಯೇ ಸರಾಗವಾಗಿ ಮುಗಿಯಿತು. ದ್ಯಾಮವ್ವನ ಸರದಿಗೆ ಮೇಡಮ್ ಕನ್ನಡಕ ತೆಗೆದು ಅವಳನ್ನೇ ನೋಡಿದಳು.

"ಇವಳು ಹುಲಿಗೆವ್ವ ಅಲ್ಲ ಅಂತ ಯಾರೋ ತಕರಾರು ಕೊಟ್ಟಿದ್ದಾರೆ," ಎಂದಳು ಹಿಂದಿಯಲ್ಲಿ. ಸಂಗಣ್ಣ ಏನೋ ಹೇಳಲು ಮುಂದೆ ಬಂದ. ಮೇಡಮ್ ಕೈಯೆತ್ತಿ ಅವನನ್ನು ತಡೆದು, ಜೊತೆಗೆ ಬಂದಿದ್ದ ಅಂಬಿಕಾಳತ್ತ ತಿರುಗಿದಳು. "ನೀನು ಹುಲಿಗೆವ್ವನ ಮಗಳಲ್ಲವೇ? ನೀನೇ ಹೇಳು. ಇವರು ನಿನಗೆ ಏನಾಗಬೇಕು?"

ಈ ಹದಿನಾಲ್ಕು ವರ್ಷದಲ್ಲಿ ಅಂಬಿಕಾ ದ್ಯಾಮವ್ವನನ್ನು ಒಮ್ಮೆಯೂ ಅವ್ವ ಎಂದವಳಲ್ಲ. ಮನೆಯೊಳಗೆ ಚಿಗವ್ವ. ಮಂದಿಯ ಮುಂದೆ ಬರೇ "ಇಲ್ಲೆ ಕೇಳು", "ಇಲ್ಲೆ ನೋಡು". ದ್ಯಾಮವ್ವನೂ ಒತ್ತಾಯ ಮಾಡಿದವಳಲ್ಲ. ಇವತ್ತು ಹುಡುಗಿ ಇದ್ದದ್ದನ್ನು ಇದ್ದಂತೆ ಹೇಳಿಬಿಟ್ಟರೆ ನೌಕರಿ ಹೋಯಿತು. ಹೇಳಬೇಡ ಎನ್ನಲು ದ್ಯಾಮವ್ವನಿಗೆ ಯಾವ ಬಾಯಿ ಇದೆ? ಹುಡುಗಿಯ ಮುಖ ನೋಡಲಾಗದೆ ನೆಲ ನೋಡುತ್ತ ನಿಂತಳು.

"ಹೇಳವಾ," ಎಂದ ಸಂಗಣ್ಣ ಮೆಲ್ಲಗೆ.

ಹಿಂದಿಯಲ್ಲಿ ಹೇಳಿದ್ದರೆ ಇಷ್ಟು ಕಷ್ಟವಾಗುತ್ತಿರಲಿಲ್ಲವೇನೋ. ಅಂಬಿಕಾಳ ಬಾಯಿಗೆ ಬಂದದ್ದು ಕನ್ನಡ. "ನಮ್ಮವ್ವ ರೀ."

ಮೇಡಮ್‌ಗೆ ಕನ್ನಡ ಬರದಿದ್ದರೂ ಅಷ್ಟು ತಿಳಿಯಿತು. ಕಾಗದದ ಮೇಲೆ ಠಸ್ಸೆ ಒತ್ತಿ, ನಕ್ಕು, "ಹೋಗಿ ಬಾ ಹುಲಿಗೆವ್ವ, ಇನ್ನು ನಿನ್ನನ್ನು ಯಾರೂ ಅಲುಗಾಡಿಸಲಾರರು," ಎಂದಳು.

ಸಂಗಣ್ಣ ಪೇಢೆ ತರುತ್ತೇನೆಂದು ಓಡಿದ. ಇಬ್ಬರೂ ಕಚೇರಿಯ ಮೆಟ್ಟಿಲ ಮೇಲೆ ಕೂತರು. ದ್ಯಾಮವ್ವ ಹುಡುಗಿಯ ಕೈ ಹಿಡಿಯಹೋದಳು. ಅಂಬಿಕಾ ಕೈ ಹಿಂದಕ್ಕೆಳೆದುಕೊಂಡಳು.

"ಅವ್ವ ಸತ್ತ ದಿನಾ ನೆನಪೈತೇನ ಚಿಗವ್ವ? ನಾ ಅವ್ವಾ ಅಂತ ಅಳಾಕತ್ತಿದ್ದೆ. ನೀ ನನ್ನ ಬಾಯಿ ಮುಚ್ಚಿದಿ. ಮಂದಿ ಕೇಳಾಕತ್ತಾರ, ಚಿಗವ್ವಾ ಅಂತ ಅಳು ಅಂದಿ. ಹಂಗ ಅತ್ತೆ. ನಮ್ಮವ್ವನ ಮುಂದ ಕುಂತು ನಿನ್ನ ಹೆಸರಿಲೆ ಅತ್ತೆ."

ದ್ಯಾಮವ್ವನಿಗೆ ದುಃಖ ಉಕ್ಕಿ ಬಂತು. ಸೆರಗಿನಿಂದ ಬಾಯಿ ಒತ್ತಿಕೊಂಡಳು. ರಸ್ತೆಯಲ್ಲಿ ವಾಸ್ಕೋ ಬಸ್ಸಿನ ಕಂಡಕ್ಟರ್ ಮಂದಿಯನ್ನು ಕರೆಯುತ್ತಿದ್ದ. ದ್ಯಾಮವ್ವ ಬಾಯಿಂದ ಸೆರಗು ತೆಗೆದಳು.

"ನಾ ಸತ್ತ ದಿನಾ ನಿನ್ನ ಬಾಯಿ ಯಾರೂ ಮುಚ್ಚಂಗಿಲ್ಲ ಅಂಬಿ," ಎಂದಳು. "ಅವ್ವಾ ಅಂತ ಜೋರಾಗಿ ಅಳು. ನಿಮ್ಮವ್ವಂದೂ ಆವಾಗ ಅತ್ತು ಮುಗಿಸಿಬಿಡು."