ಮಧ್ಯಾಹ್ನದ ದನಿಗಳು

ಪವಿತ್ರ ಅವರೆಕಾಳು ಹಿದುಕುತ್ತಿದ್ದಳು. ಎದುರಿಗೆ ಅತ್ತೆ ಗುರುಬಸಮ್ಮ. ಇಬ್ಬರ ನಡುವೆ ಒಂದೇ ಬೇಸಿನ್ನು. ಕಾಳು ಸಿಪ್ಪೆಯಿಂದ ಪಿಚಕ್ಕೆಂದು ಜಾರಿ ಬೀಳುವುದು ಬಿಟ್ಟರೆ ಬೇರೆ ಸದ್ದಿಲ್ಲ.

ಸೊಸೆ ಮಾತಾಡದಿರುವುದು ಹೊಸದೇನಲ್ಲ. ಮದುವೆಯಾಗಿ ಹುಲ್ಲಹಳ್ಳಿಗೆ ಬಂದ ಮೇಲೆ ಅವಳ ಬಾಯಿಂದ ‘ಹೂಂ ಅತ್ತೆ’ಗಿಂತ ಹೆಚ್ಚು ಕೇಳಿದವರಿಲ್ಲ. ಆದರೆ ಬೀದಿಗೆಲ್ಲ ಮಾತು ಹಂಚುವ ಅತ್ತೆ ಯಾಕೆ ಬಾಯಿ ಬಿಗಿದರು?

ಪವಿತ್ರಳಿಗೆ ಗೊತ್ತಿತ್ತು. ಅತ್ತೆಗೆ ಪುಸ್ತಕದ ಸುಳಿವು ಸಿಕ್ಕಿದೆ.

ಪುಸ್ತಕ ತರುತ್ತಿದ್ದವನು ಗಂಡ ಅಮೃತೇಶ್. ನಂಜನಗೂಡಿನ ಫ್ಯಾಕ್ಟರಿಯಲ್ಲಿ ಶಿಫ್ಟ್ ಮುಗಿಸಿ ಬರುವಾಗ ಲೈಬ್ರರಿಗೆ ಹೋಗಿ ಬರುತ್ತಿದ್ದ. ಮಾಂತ್ರಿಕರ ದಪ್ಪ ದಪ್ಪ ಕಾದಂಬರಿಗಳು. ರಟ್ಟಿನ ಮೇಲೆ ಗಡ್ಡ ಜಡೆಗಟ್ಟಿದ ಮುದುಕ, ಕೈಯಲ್ಲಿ ಬೆಂಕಿ ಉಗುಳುವ ಕೋಲು, ಕಾಲ ಬುಡದಲ್ಲಿ ತಲೆಬುರುಡೆ.

“ಅಮ್ಮನ ಕಣ್ಣಿಗೆ ಬೀಳಿಸ್ಬೇಡ,” ಎಂದಿದ್ದ. “ಬಾಗ್ಲಲ್ಲಿ ಯಾರೋ ಎಸೆದ ಒಂದು ನಿಂಬೆಹಣ್ಣಿಗೆ ಇಡೀ ಬೀದಿ ತೊಳ್ಸಿದೋಳು. ಇದನ್ನ ಕಂಡ್ರೆ ಸೀದಾ ಒಲೆಗೆ.”

ಪವಿತ್ರ ಪುಸ್ತಕವನ್ನು ಸೀರೆಗಳ ಅಡಿಯಲ್ಲಿ ಬಚ್ಚಿಟ್ಟಳು. ದನಿಯನ್ನು ಬಚ್ಚಿಡಲಾಗಲಿಲ್ಲ. ಎಂಟನೇ ಕ್ಲಾಸಿಗೆ ಶಾಲೆ ಬಿಟ್ಟವಳು. ಮೇಷ್ಟರು ಕಲಿಸಿದ್ದು ಗಟ್ಟಿಯಾಗಿ ಓದುವುದನ್ನು ಮಾತ್ರ. ತುಟಿ ಆಡದಿದ್ದರೆ ಅಕ್ಷರ ತಲೆಗೆ ಹತ್ತುತ್ತಿರಲಿಲ್ಲ. ಮಧ್ಯಾಹ್ನ ಅತ್ತೆ ಮಲಗಿದ ಮೇಲೆ ಕೋಣೆಯ ಅಗುಳಿ ಹಾಕಿಕೊಂಡು ಓದುತ್ತಿದ್ದಳು. ಓದುತ್ತಾ ಓದುತ್ತಾ ನಾಚಿಕೆ ಎಲ್ಲಿಗೋ ಹೋಗಿಬಿಡುತ್ತಿತ್ತು. ಮಾಂತ್ರಿಕನಿಗೆ ಗುಡುಗಿನಂಥ ದನಿ, ಅವನ ಶಿಷ್ಯೆ ಚಂದಿರಿಗೆ ಎಳೆ ದನಿ, ಮಾತಾಡುವ ಗೂಬೆಗೆ ಮೂಗಿನ ದನಿ.

ಹೋದ ವಾರ ಬಾಗಿಲ ಕೆಳಗಿನ ಬೆಳಕಿನಲ್ಲಿ ಎರಡು ಪಾದ ಕಂಡವು. ಚಂದಿರಿ ಹಾಳುಬಾವಿಗೆ ಇಳಿಯುವ ಕಡೆ, ಅರ್ಧ ಸಾಲಿಗೇ ಪುಸ್ತಕ ಮುಚ್ಚಿದಳು. ಮತ್ತೆ ತೆರೆಯುವ ಧೈರ್ಯ ಬರಲಿಲ್ಲ.

ಅವತ್ತಿನಿಂದಲೇ ಅತ್ತೆ ಬದಲಾದರು. ಮಧ್ಯಾಹ್ನ ಮಲಗುವುದನ್ನೇ ಬಿಟ್ಟರು. ಮಣೆ ಹಾಕಿಕೊಂಡು ಕೋಣೆಯ ಗೋಡೆಗೆ ಒರಗಿ ಕೂತರು. ಹರಟೆಗೆ ಬಂದ ಪಕ್ಕದ ಮನೆ ಸರ್ವಮಂಗಳಾಳನ್ನು ಹೊಸಿಲಲ್ಲೇ ತಡೆದರು.

“ಈಗ ಬ್ಯಾಡ ಕಣವ್ವ, ಸಂಜೆ ಬಾ. ಸದ್ದು ಮಾಡ್ಬೇಡ.”

ಮರುದಿನ ಪವಿತ್ರಳ ಮುಂದೆ ಮೆಣಸಿನ ಕಷಾಯದ ಲೋಟ ಇಟ್ಟರು. “ಕುಡಿ. ಗಂಟ್ಲಿಗೆ ಒಳ್ಳೇದು.”

ಗಂಟಲಿಗೆ ಏನೂ ಆಗಿರಲಿಲ್ಲ. ಏನು ಮಂತ್ರಿಸಿ ಬೆರೆಸಿದ್ದಾರೋ ಎಂದು ಹೆದರಿ, ಕಣ್ಣು ಮುಚ್ಚಿ ಕುಡಿದಳು.

ಈಗ ಅತ್ತೆಯ ಫೋನು ಬಡಿದುಕೊಂಡಿತು.

“ಯೋಳಿ ಮಾದಯ್ಯನೋರೆ. ನರಸೀಪುರ ಬುಟ್ರಾ? ಬಿರ್ನೆ ಬನ್ನಿ, ತಡ ಆದ್ರೆ ಕೈ ಮೀರೋಯ್ತದೆ. ಏನು ಎತ್ತ ಅಂತ ಬಂದ್ಮೇಲೆ ಯೋಳ್ತೀನಿ.”

ಪವಿತ್ರಳ ಕೈಯ ಕಾಳು ಚಿಮ್ಮಿ ಗೋಡೆಗೆ ಬಡಿಯಿತು. ಮೂಗೂರಿನ ಮಾದಯ್ಯ ಗಾಳಿ ಬಿಡಿಸುವವನು. ಅಂದರೆ ಅತ್ತೆ ತನಗೆ ಗಾಳಿ ಮೆಟ್ಟಿದೆ ಎಂದುಕೊಂಡಿದ್ದಾರೆ. ಕಾರಣ ಹುಡುಕುತ್ತಾ ಸೀರೆಗಳ ಅಡಿಗೆ ಕೈ ಹಾಕಿದರೆ ಮುಗಿಯಿತು. ಪುಸ್ತಕ ಒಲೆಗೆ. ಇನ್ನು ಮೇಲೆ ಯಾವ ಪುಸ್ತಕವೂ ಈ ಮನೆ ಹೊಸಿಲು ದಾಟುವುದಿಲ್ಲ.

ಮಾದಯ್ಯ ಬಂದ. ಕೈಯಲ್ಲಿ ಬೇವಿನ ಸೊಪ್ಪಿನ ಕಟ್ಟು. ಬಸ್ಸಿನಲ್ಲಿ ನಿಂತೇ ಬಂದದ್ದಕ್ಕೆ ಅರ್ಧ ಎಲೆ ಉದುರಿಹೋಗಿತ್ತು.

“ಎಷ್ಟು ಜನ ಮೆಟ್ಕೊಂಡವ್ರೆ?” ಎಂದ, ಜಗಲಿಯಲ್ಲಿ ಕೂರುತ್ತಾ.

“ಮೂವರು,” ಎಂದರು ಗುರುಬಸಮ್ಮ. “ಒಬ್ಬ ಮುದ್ಕ. ಒಂದು ಹೆಣ್ಣುಮಗ, ಪಾಪ, ಬಲು ಒಳ್ಳೇದು. ಇನ್ನೊಂದು ಗೂಬೆ.”

ಮಾದಯ್ಯ ಎಲೆಅಡಿಕೆ ಅಗಿಯುವುದನ್ನು ನಿಲ್ಲಿಸಿದ. “ಗೂಬೆನಾ? ನಮ್ಮಪ್ಪನ ಕಾಲ್ದಿಂದ್ಲೂ ಗೂಬೆ ಬುಡ್ಸಿಲ್ಲ ಕಣ್ರವ್ವ. ಬೂದುಗುಂಬಳಕಾಯಿ ಒಂದು ಜಾಸ್ತಿ ಆಯ್ತದೆ.”

“ಆಗ್ಲಿ ಬುಡಿ. ನಾನ್ ಯೋಳೋದು ಏನಂದ್ರೆ—”

“ಆಮೇಲೆ ಯೋಳೋರಂತೆ. ಗಳಿಗೆ ಮೀರ್ತದೆ.”

ಪವಿತ್ರಳನ್ನು ಮಣೆಯ ಮೇಲೆ ಕೂರಿಸಿದ. ಸಾಂಬ್ರಾಣಿ ಹೊಗೆ ಎದ್ದಿತು. ಹಣೆಗೆ ಬೂದಿ ಬಿತ್ತು. ಕಿಟಕಿಯಲ್ಲಿ ಸರ್ವಮಂಗಳಾಳ ಮೂಗು ಮೂಡಿತು.

“ಯಾರು ನೀನು? ಈ ಮಗಳ ಮೈಮೇಲೆ ಬಂದಿರೋನು ನೀನೇನಾ?”

ಎಲ್ಲ ಹೇಳಿಬಿಡಬೇಕು ಎಂದುಕೊಂಡಳು ಪವಿತ್ರ. ಬಾಯಿ ತೆರೆದಳು. ಬಂದದ್ದು ಒಂದೇ.

“ಹೂಂ.”

“ನೋಡುದ್ರಾ, ಒಪ್ಕೊಂಬುಡ್ತು!” ಮಾದಯ್ಯ ಎದ್ದು ನಿಂತು ಬೇವಿನ ಕಟ್ಟು ಎತ್ತಿದ. “ಈ ಮನೆ ಬುಟ್ಟು ಓಯ್ತೀಯೋ, ಇಲ್ಲ ಚರ್ಮ ಸುಲೀಲೋ?”

ಕಟ್ಟು ಕೆಳಗಿಳಿಯಲಿಲ್ಲ. ಗುರುಬಸಮ್ಮ ಅದನ್ನು ಅವನ ಕೈಯಿಂದ ಕಿತ್ತು ಅಂಗಳಕ್ಕೆ ಎಸೆದರು. ಬಂದು ಸೊಸೆಯ ಎದುರಿಗೆ ನೆಲದ ಮೇಲೆ ಕೂತು, ಎರಡೂ ಕೈ ಜೋಡಿಸಿದರು.

“ಓಡ್ಸಕ್ಕಲ್ಲ ಕಣಪ್ಪ ಮುದ್ಕಪ್ಪ, ನಿನ್ನ ವಾಪಸ್ ಕರ್ಸಕ್ಕೆ ಈವಯ್ಯನ್ನ ಬರೇಳಿದ್ದು. ಚಂದಿರಿ ಆ ಹಾಳುಬಾವಿಗೆ ಇಳಿದು ಒಂದು ವಾರ ಆಯ್ತು. ಮೇಲಕ್ಕೆ ಬಂದ್ಲಾ ಇಲ್ವಾ, ಅದೊಂದ್ ಯೋಳ್ಬುಡಪ್ಪ.”